ಟಿಕೆಟ್ಟಿನ ಎರಡು ರೂಪಾಯಿ ಪೋಷಕ ನಟಿಯ ಪಾಲು

ಕನ್ನಡದ ಪೋಷಕ ನಟಿ ಬಿ. ಜಯಾ 1958ರ ‘ಭಕ್ತ ಪ್ರಹ್ಲಾದ’ದಲ್ಲಿ ಮೊದಲ ಸಲ ತೆರೆಗೆ ಬಂದರು; 2021ರ ಜೂನ್ 3ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ನಡುವಿನ ಆರು ದಶಕಗಳಲ್ಲಿ ಮುನ್ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು. ದ್ವಾರಕೀಶ್, ಬಾಲಕೃಷ್ಣ ಅವರಂಥ ಹಾಸ್ಯನಟರ ಜೊತೆ ನಿಂತು ನಗಿಸಿದರು. ವಯಸ್ಸಾದಂತೆ ತಾಯಿ, ಅಜ್ಜಿ ಪಾತ್ರಗಳಿಗೆ ಹೊರಳಿದರು, ಕಿರುತೆರೆಗೂ ಬಂದರು. ‘ಗೌಡ್ರು’ ಚಿತ್ರಕ್ಕೆ ಅತ್ಯುತ್ತಮ ಪೋಷಕ ನಟಿಯೆಂಬ ರಾಜ್ಯ ಪ್ರಶಸ್ತಿ ಬರುವ ಹೊತ್ತಿಗೆ ಅವರು ಬಣ್ಣ ಹಚ್ಚಲು ತೊಡಗಿ ನಾಲ್ಕು ದಶಕ ದಾಟಿತ್ತು. ಅವರ ಮುಖ ಕಂಡೊಡನೆ ಗುರುತು ಹಿಡಿಯುವ ಎಷ್ಟೋ ಮಂದಿಗೆ ಹೆಸರು ಮಾತ್ರ ನೆನಪಿಗೆ ಬರುವುದಿಲ್ಲ.

ಟಿಕೆಟ್ ಸೆಸ್ಸಿನ ವಿವಾದದಲ್ಲಿ ನಾನು ಇಂಥ ನಟಿಯರ ಪರ. ಸಿನಿ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕ್ಷೇಮಾಭಿವೃದ್ಧಿಗಾಗಿ 2024ರಲ್ಲಿ ಕರ್ನಾಟಕ ತಂದ ಕಾನೂನು, ಚಿತ್ರಮಂದಿರದ ಟಿಕೆಟ್ ಮತ್ತು ಒಟಿಟಿ ಚಂದಾದ ಮೇಲೆ ಶೇ 1ರಿಂದ 2ರಷ್ಟು ಸೆಸ್ ಹಾಕಲು ಅವಕಾಶ ಕೊಡುತ್ತದೆ. ಜಿಎಸ್‌ಟಿ ಕಟ್ಟಿಯೇ ಸಾಕಾಗಿದೆ, ಪ್ರೇಕ್ಷಕ ಇನ್ನಷ್ಟು ದೂರ ಸರಿಯುತ್ತಾನೆ ಎಂಬುದು ವಿರೋಧಿಸುವವರ ವಾದ. ಲೆಕ್ಕ ಹಾಕಿ ನೋಡೋಣ: 200 ರೂಪಾಯಿ ಟಿಕೆಟ್ಟಿಗೆ ಬೀಳುವುದು ಎರಡರಿಂದ ನಾಲ್ಕು ರೂಪಾಯಿ. ಇಷ್ಟಕ್ಕೆ ಯಾವ ಪ್ರೇಕ್ಷಕನೂ ಮನೆಯಲ್ಲಿ ಉಳಿಯುವುದಿಲ್ಲ.

ಸಿನಿಮಾದವರಿಗೇ ಯಾಕೆ ಈ ಉಪಕಾರ ಎನ್ನುವವರೂ ಇದ್ದಾರೆ. ಇದು ಉಪಕಾರವಲ್ಲ, ದುಡಿಮೆಯ ಬಾಕಿ. ಪೋಷಕ ನಟಿಗೆ ಕಾಲ್‌ಶೀಟ್ ಇದ್ದ ದಿನ ಮಾತ್ರ ಸಂಪಾದನೆ. ಹಳೆಯ ಚಿತ್ರ ಟಿವಿಯಲ್ಲಿ ನೂರು ಸಲ ಬಂದರೂ ಆಕೆಯ ಕೈಗೆ ಕಾಸು ಬರುವ ರೂಢಿ ನಮ್ಮಲ್ಲಿಲ್ಲ. ಪಿಂಚಣಿಯಿಲ್ಲ, ಗ್ರಾಚ್ಯುಟಿಯಿಲ್ಲ. ಸಿನಿ ಕಾರ್ಮಿಕರಿಗೆಂದೇ ಕೇಂದ್ರ 1981ರಲ್ಲಿ ಸೆಸ್ ಕಾನೂನು ಮಾಡಿತ್ತು. ಜಿಎಸ್‌ಟಿ ಬರುವ ಹೊತ್ತಿಗೆ ಅದೂ ರದ್ದಾಯಿತು. ಆ ಖಾಲಿ ಜಾಗವನ್ನು ರಾಜ್ಯವೇ ತುಂಬಬೇಕು.

ಆದರೆ ಸೆಸ್ ವಸೂಲಿ ಮಾಡಿದಷ್ಟಕ್ಕೆ ಕೆಲಸ ಮುಗಿಯದು. ಕಟ್ಟಡ ಕಾರ್ಮಿಕರಿಗಾಗಿ 1996ರಲ್ಲೇ ಸೆಸ್ ಕಾನೂನು ಬಂದಿತ್ತು. ಆ ಹಣ ವರ್ಷಗಟ್ಟಲೆ ಖಜಾನೆಯಲ್ಲಿ ಕೊಳೆಯುತ್ತಿದ್ದುದಕ್ಕೆ, ಕಾರ್ಮಿಕರ ನೋಂದಣಿ ಸರಿಯಾಗಿ ಆಗದ್ದಕ್ಕೆ 2018ರಲ್ಲಿ ಸುಪ್ರೀಂ ಕೋರ್ಟ್ ಸರ್ಕಾರಗಳನ್ನು ತರಾಟೆಗೆ ತೆಗೆದುಕೊಂಡಿತು. ಇಲ್ಲೂ ಎಡವುವ ಜಾಗ ನೋಂದಣಿಯೇ. ಐವತ್ತು ವರ್ಷದ ಹಿಂದೆ ಅಭಿನಯಿಸಿದ ಹೆಂಗಸಿನ ಬಳಿ ಕರಾರುಪತ್ರ ಎಲ್ಲಿಂದ ಬರಬೇಕು? ಸಂಬಳದ ಚೀಟಿಯನ್ನು ಆಕೆಗೆ ಕೊಟ್ಟವರಾದರೂ ಯಾರು? ಕಾಗದ ಕೇಳುತ್ತ ಕೂತರೆ ಹಣ ಸೇರುವುದು ಸಂಘಗಳಲ್ಲಿ ಪ್ರಭಾವ ಇರುವವರಿಗೆ. ನಿಜಕ್ಕೂ ಬೇಕಾದವರು ಹೊರಗೇ ಉಳಿಯುತ್ತಾರೆ.

ಆದ್ದರಿಂದ ನಿಯಮದಲ್ಲಿ ಮೂರು ಮಾತು ಸ್ಪಷ್ಟವಾಗಿ ಬರಲಿ. ಚಿತ್ರದ ಟೈಟಲ್ ಕಾರ್ಡಿನಲ್ಲಿ ಹೆಸರಿದ್ದರೆ ಅದನ್ನೇ ದುಡಿಮೆಯ ಪುರಾವೆ ಎಂದು ಒಪ್ಪಬೇಕು. ಹೆಸರೇ ಹಾಕದ ಚಿತ್ರಗಳಾದರೆ ತೆರೆಯ ಮೇಲಿನ ಮುಖ ಮತ್ತು ಸಹಕಲಾವಿದರ ಹೇಳಿಕೆ ಸಾಕಾಗಬೇಕು. ಕಾನೂನು ಬರುವ ಮೊದಲೇ ನಿವೃತ್ತರಾದವರಿಗೂ ಪಿಂಚಣಿ, ಆಸ್ಪತ್ರೆ ಖರ್ಚು ಸಿಗಬೇಕು. ಸೆಸ್ ಹಣ ನೋಡಿಕೊಳ್ಳುವ ಮಂಡಳಿಯಲ್ಲಿ ನಿರ್ಮಾಪಕರ, ನಾಯಕರ ಜೊತೆಗೆ ಪೋಷಕ ನಟಿಯರಿಗೂ ಕುರ್ಚಿ ಇರಲಿ.

ಕಲಾವಿದೆ ತೀರಿಕೊಂಡ ದಿನ ಸಂತಾಪ ಸೂಚಿಸುವುದು ಸುಲಭ. ಆಕೆ ಬದುಕಿರುವಾಗಲೇ ಬಾಕಿ ತೀರಿಸುವುದು ಸರ್ಕಾರದ ಕರ್ತವ್ಯ. ಅದಕ್ಕಾಗಿ ಟಿಕೆಟ್ಟಿನ ಮೇಲೆ ಎರಡು ರೂಪಾಯಿ ಹೆಚ್ಚು ಕೊಡುವುದು ಪ್ರೇಕ್ಷಕರಾದ ನಮ್ಮ ಕರ್ತವ್ಯ.