ಮುಗಿಯಬಾರದ ಜಗಳ

‘ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ’ ಎಂಬ ಗಾದೆಯಲ್ಲಿ ಕಾದು ಕುಳಿತವಳ ಸಿಟ್ಟಿದೆ. ಇವತ್ತು ನಿನ್ನದು, ನಾಳೆ ನನ್ನದು ಎನ್ನುತ್ತದೆ ಅದು. 2000ದ ಜುಲೈ 3ರ ರಾತ್ರಿ ಸ್ಟಾರ್ ಪ್ಲಸ್‌ನಲ್ಲಿ ಶುರುವಾದ ಹಿಂದಿ ಧಾರಾವಾಹಿಯ ಹೆಸರಿನಲ್ಲಿ ಬೇರೊಂದು ಮಾತಿತ್ತು: ‘ಕ್ಯೂಂಕಿ ಸಾಸ್ ಭೀ ಕಭೀ ಬಹೂ ಥೀ’, ಅತ್ತೆಯೂ ಒಂದು ಕಾಲಕ್ಕೆ ಸೊಸೆಯಾಗಿದ್ದವಳೇ. ಗಾದೆ ಸರದಿ ಕಾಯುತ್ತದೆ. ಹೆಸರು ಕರುಣೆ ಕೇಳುತ್ತದೆ. ಎಂಟು ವರ್ಷ, 1800ಕ್ಕೂ ಹೆಚ್ಚು ಕಂತು ಓಡಿದ ಆ ಕಥೆ ನಡೆದದ್ದು ಮಾತ್ರ ಗಾದೆಯ ದಾರಿಯಲ್ಲೇ ಎಂದು ನನಗನ್ನಿಸುತ್ತದೆ.

ಅಂದು ರಾತ್ರಿ ಒಂಬತ್ತಕ್ಕೆ ಅಮಿತಾಭ್ ಬಚ್ಚನ್ ‘ಕೌನ್ ಬನೇಗಾ ಕರೋಡ್‌ಪತಿ’ ಆರಂಭಿಸಿದ್ದರು. ಹತ್ತೂವರೆಗೆ ಈ ಧಾರಾವಾಹಿಯ ನಿರ್ಮಾಪಕಿ ಏಕ್ತಾ ಕಪೂರ್ ಅವರ ವೀರಾನಿ ಮನೆಯ ಬಾಗಿಲು ತೆರೆಯಿತು. ಮುಂಬೈಯ ಸಿರಿವಂತ ಗುಜರಾತಿ ಕುಟುಂಬ. ಮಗ ಮಿಹಿರ್‌ಗೆ ತಾಯಿ ಸವಿತಾ ನೋಡಿಟ್ಟ ಹುಡುಗಿ ಪಾಯಲ್. ಅವನು ಕೈಹಿಡಿದದ್ದು ಪುರೋಹಿತರ ಮಗಳು ತುಳಸಿಯನ್ನು. ಜಗಳದ ಬೇರು ಇಲ್ಲಿದೆ. ಇದು ಅಂತಸ್ತಿನ ಜಗಳ. ಆದರೆ ಕಥೆ ಅದನ್ನು ಹೆಂಗಸರ ಸ್ವಭಾವದ ಜಗಳವಾಗಿಸಿತು. ಆಸ್ತಿ ಗಂಡಸರ ಹೆಸರಿನಲ್ಲಿ, ಕಾದಾಟ ಹೆಂಗಸರ ಹೆಗಲ ಮೇಲೆ. ನಮ್ಮ ಅವಿಭಕ್ತ ಕುಟುಂಬಗಳಲ್ಲೂ ಪಾಲಾಗುವಾಗ ಒಲೆ ಒಡೆದವಳೆಂಬ ಅಪವಾದ ಸೊಸೆಗೇ ತಾನೆ?

1984ರಲ್ಲಿ ದೂರದರ್ಶನದಲ್ಲಿ ಬಂದ ‘ಹಮ್ ಲೋಗ್’ ನೆನಪಾಗುತ್ತದೆ. ಮನೋಹರ ಶ್ಯಾಮ್ ಜೋಶಿ ಬರೆದ ಆ ಕೆಳಮಧ್ಯಮ ವರ್ಗದ ಮನೆಯಲ್ಲೂ ಜಗಳಕ್ಕೆ ಬರವಿರಲಿಲ್ಲ. ಅಪ್ಪನ ಕುಡಿತ, ಹೆಣ್ಣುಮಕ್ಕಳ ಮದುವೆ, ಕೈಯಲ್ಲಿ ಕಾಸಿಲ್ಲದಿರುವುದು. ಕಾರಣ ಎದುರಿಗೇ ಕಾಣುತ್ತಿತ್ತು. ಕಂತಿನ ಕೊನೆಯಲ್ಲಿ ನಟ ಅಶೋಕ್ ಕುಮಾರ್ ಬಂದು ಮನೆಯ ಹಿರಿಯರಂತೆ ನಾಲ್ಕು ಮಾತಾಡುತ್ತಿದ್ದರು. ನೂರೈವತ್ತು ಚಿಲ್ಲರೆ ಕಂತಿಗೆ ಕಥೆ ಮುಗಿಯಿತು.

ಮುಗಿಯುವುದು ದೊಡ್ಡ ಗುಣ. ಮಹಾಭಾರತದಲ್ಲಿ ವ್ಯಾಸರು ದಾಯಾದಿ ಕಲಹವನ್ನು ಹದಿನೆಂಟು ದಿನಕ್ಕೆ ನಿಲ್ಲಿಸಿ, ಸ್ತ್ರೀಪರ್ವದಲ್ಲಿ ಹೆಂಗಸರನ್ನು ರಣಭೂಮಿಗೆ ಕರೆತರುತ್ತಾರೆ. ಗಾಂಧಾರಿ ಎರಡೂ ಕಡೆಯ ಹೆಣಗಳನ್ನು ಕಂಡು ಅಳುತ್ತಾಳೆ. ಜಗಳದ ಬೆಲೆ ತಿಳಿಯುವುದು ಆಗ. ದಿನವಹಿ ಧಾರಾವಾಹಿಗೆ ಆ ಬಿಡುವಿಲ್ಲ. ಇವತ್ತು ರಾಜಿಯಾದರೆ ನಾಳೆ ನೋಡುವವರಿಲ್ಲ, ನೋಡುವವರಿಲ್ಲದಿದ್ದರೆ ಜಾಹೀರಾತಿಲ್ಲ. ಹಾಗಾಗಿ ಕಥೆ ಇಪ್ಪತ್ತು ವರ್ಷ ಮುಂದಕ್ಕೆ ಹಾರುತ್ತದೆ, ಮೊಮ್ಮಕ್ಕಳು ಅಜ್ಜಿಯರ ಹಗೆಯನ್ನು ಉಂಬಳಿಯಂತೆ ಪಡೆಯುತ್ತಾರೆ. ಸಾವೂ ಕೊನೆಯಲ್ಲ: ಮಿಹಿರ್ ಸತ್ತಾಗ ವೀಕ್ಷಕರು ಕಂಗಾಲಾದರು, ಅವನು ಮರಳಿ ಬಂದ.

ಒಂದು ಸಲ ಮಾತ್ರ ಆ ಕಥೆ ತನ್ನ ಹೆಸರಿಗೆ ನಿಷ್ಠೆಯಿಂದ ನಡೆಯಿತು. ಹೆಂಡತಿ ನಂದಿನಿಯ ಮೇಲೆ ಅತ್ಯಾಚಾರ ಎಸಗಿದ ಸ್ವಂತ ಮಗ ಅಂಶ್‌ನನ್ನು ತುಳಸಿಯೇ ಗುಂಡಿಟ್ಟು ಕೊಂದಳು. ಕೊಲೆಯನ್ನು ನಾನು ಒಪ್ಪುವುದಿಲ್ಲ. ಆದರೆ ಅತ್ತೆಯೊಬ್ಬಳು ಮಗನನ್ನು ಬಿಟ್ಟು ಸೊಸೆಯ ಪಕ್ಕ ನಿಂತದ್ದು, ಗಂಡ ಮಾಡಿದರೂ ಅತ್ಯಾಚಾರ ಅತ್ಯಾಚಾರವೇ ಎಂದು ಮನೆಮನೆಯ ಪಡಸಾಲೆಗೆ ಕೇಳಿಸಿದ್ದು ಸಣ್ಣ ಸಂಗತಿಯಲ್ಲ. ನಮ್ಮ ಕಾನೂನು ಇಂದಿಗೂ ಆ ಮಾತನ್ನು ಒಪ್ಪಿಲ್ಲ.

2008ರಲ್ಲಿ ನಿಂತಿದ್ದ ಧಾರಾವಾಹಿ 2025ರ ಜುಲೈ 29ರಂದು ಅದೇ ವಾಹಿನಿಯಲ್ಲಿ ಮತ್ತೆ ಶುರುವಾಯಿತು. ಕೇಂದ್ರ ಸಚಿವೆಯಾಗಿದ್ದ ಸ್ಮೃತಿ ಇರಾನಿ ಮತ್ತೆ ತುಳಸಿಯಾದರು. ಒಮ್ಮೆ ಸೊಸೆಯಾಗಿದ್ದವಳು ಈಗ ಅತ್ತೆ.