ಇಸವಿಗಳ ನಡುವಿನ ಬದುಕು

ಸ್ಪರ್ಧಾತ್ಮಕ ಪರೀಕ್ಷೆಗೆ ಓದುವ ನಮಗೆ ದೊಡ್ಡವರೆಲ್ಲ ಒಂದು ಅಂಕದ ಪ್ರಶ್ನೆಗಳಾಗಿದ್ದಾರೆ. ಕುವೆಂಪು ಹುಟ್ಟಿದ್ದು 1904ರಲ್ಲಿ, ಕೆ.ವಿ. ಸುಬ್ಬಣ್ಣನವರಿಗೆ ಮ್ಯಾಗ್ಸೆಸೆ ಪ್ರಶಸ್ತಿ ಬಂದದ್ದು 1991ರಲ್ಲಿ. ಸಾಗರದ ಬಸ್ಸಿನಲ್ಲಿ ನಿಂತುಕೊಂಡೇ ಬಾಯಿಪಾಠ ಮಾಡಬಹುದು. ಆದರೆ ಕೆಲಸ ಸಿಗದೆ ಕೂತವರಿಗೆ ಬೇಕಾದದ್ದು ಆ ಇಸವಿಗಳ ನಡುವೆ ಏನಾಯಿತು ಎಂಬುದು. ಅದಕ್ಕೆ ಗೈಡ್ ಸಾಲದು, ಜೀವನಚರಿತ್ರೆಯನ್ನೇ ಓದಬೇಕು.

ತೀರ್ಥಹಳ್ಳಿ ತಾಲ್ಲೂಕಿನ ಆರಗದ ಶಾಂತವೇರಿ ಗೋಪಾಲಗೌಡರನ್ನೇ ನೋಡಿ. ವಿದ್ಯಾರ್ಥಿಯಾಗಿದ್ದಾಗಲೇ 1942ರ ಚಳವಳಿಯಲ್ಲಿ ಜೈಲು ಕಂಡವರು. 1951ರಲ್ಲಿ ಕಾಗೋಡಿನ ಗೇಣಿದಾರರ ಸತ್ಯಾಗ್ರಹದಲ್ಲಿ ಮುಂದೆ ನಿಂತರು. ಮರುವರ್ಷವೇ ಸಾಗರ-ಹೊಸನಗರದ ಶಾಸಕ. ಇಲ್ಲಿಗೇ ನಿಲ್ಲಿಸಿದರೆ ಅದೊಂದು ಸಿನಿಮಾ ಕಥೆ. 1957ರಲ್ಲಿ ಅವರು ಸೋತರು. 1962ರಲ್ಲಿ ಮತ್ತೆ ಗೆಲ್ಲುವವರೆಗೆ ಐದು ವರ್ಷ ಇದೆಯಲ್ಲ, ನನಗೆ ಮುಖ್ಯವಾದದ್ದು ಅದು. ಎರಡು ಸಲ ಪ್ರಿಲಿಮ್ಸ್‌ನಲ್ಲೇ ಉಳಿದುಹೋದವರಿಗೆ ಈ ಐದು ವರ್ಷದ ಉದ್ದ ಗೊತ್ತು.

ಕುವೆಂಪು ಮೊದಲು ಕವಿತೆ ಬರೆದದ್ದು ಇಂಗ್ಲಿಷಿನಲ್ಲಿ. ಐರಿಷ್ ಕವಿ ಜೇಮ್ಸ್ ಕಸಿನ್ಸ್ ನಿಮ್ಮ ಭಾಷೆಯಲ್ಲಿ ಬರೆಯಿರಿ ಎಂದಾಗ ಅವರಿಗೆ ಹೆಚ್ಚುಕಡಿಮೆ ಇಪ್ಪತ್ತು ವರ್ಷ, ಅಂದರೆ ನಮ್ಮದೇ ವಯಸ್ಸು. ಅದುವರೆಗಿನ ದಾರಿಯನ್ನೇ ಬದಲಿಸಿಕೊಳ್ಳುವುದು ಅವರಿಗೂ ಸಲೀಸಾಗಿರಲಾರದು.

ಮತ್ತೆ ಸುಬ್ಬಣ್ಣನವರು. ಹೆಗ್ಗೋಡಿನಲ್ಲಿ ನೀನಾಸಂ ಶುರುವಾದದ್ದು 1949ರಲ್ಲಿ. ಮ್ಯಾಗ್ಸೆಸೆಗೆ ಇನ್ನೂ 42 ವರ್ಷ ಬಾಕಿ. ರೀಲ್ಸ್‌ನವರು ಇದನ್ನು 30 ಸೆಕೆಂಡಿಗೆ ಇಳಿಸಿ, ಹಿಂದೆ ಸಂಗೀತ ಹಾಕುತ್ತಾರೆ. ಕೆಲವು ಜೀವನಚರಿತ್ರೆಕಾರರೂ ಅಷ್ಟೇ, ಹುಟ್ಟಿದಾಗಲೇ ಮಹಾಪುರುಷ ಎಂಬಂತೆ ಬರೆಯುತ್ತಾರೆ. ಅಂಥ ಪುಸ್ತಕವನ್ನು ನಾನು ಅರ್ಧಕ್ಕೇ ಲೈಬ್ರರಿಗೆ ವಾಪಸ್ ಕೊಟ್ಟುಬಿಡುತ್ತೇನೆ.