ಆಟ ಕಲಸಾವಗ ಕನ್ಯಾ ಕೊಡಬಾರದೇನ್ರಿ?

ಗದಗಿನ ಜೋಶಿ ಅಂದ್ರ ನಮ್ಮ ಮಂದಿಗೆ ಮೊದಲು ನೆನಪಾಗೋರು ಭೀಮಸೇನ ಜೋಶಿಯವರು. ಅದು ಸರೀನ ಬಿಡ್ರಿ. ಆದ್ರ ನಮ್ಮೂರಿನವರು ಇನ್ನೊಬ್ರು ಜೋಶಿ ಅದಾರ, ಸುನೀಲ ಜೋಶಿ, ಕ್ರಿಕೆಟ್ಟಿನವರು. 1970ರ ಜೂನ್ 6ಕ್ಕ ಗದಗಿನಾಗ ಹುಟ್ಟಿದವರು, ಎಡಗೈಲೆ ಸ್ಪಿನ್ ಹಾಕತಿದ್ರು. ಹೆಂಗಸರಿಗೆ ಕ್ರಿಕೆಟ್ ಯಾಕವ್ವಾ ಅಂತ ಇಲ್ಲಿಗೇ ಮುಚ್ಚಿ ಇಡಬ್ಯಾಡ್ರಿ. ನಾ ಹೇಳಾಕ ಹೊಂಟಿದ್ದು ಲಗ್ನದ ಮಾತು.

ನಮ್ಮ ತಂಗಿ ಮಗಳಿಗೆ ಮುಂಡರಗಿ ಕಡೆಯಿಂದ ಒಂದು ಸಂಬಂಧ ಬಂದೈತಿ, ನಿಮಗೆಲ್ಲಾರಿಗೂ ಗೊತ್ತೈತಿ. ಹುಡುಗ ಯೂನಿವರ್ಸಿಟಿ ಟೀಮಿನಾಗ ಬೌಲಿಂಗ್ ಮಾಡಿದಾವ. ಭುಜಾ ನೋವು ಬಂದು ಆಟ ಬಿಟ್ಟ ಮ್ಯಾಲ ಎಂ.ಪಿ.ಎಡ್. ಓದಿ, ಈಗ ಒಂದು ಕಾಲೇಜಿನಾಗ ಹುಡುಗೂರಿಗೆ ಆಟ ಕಲಸ್ತಾನ. ಈ ಸುದ್ದಿ ಬಂದಾಗಿನಿಂದ ಮನಿಯಾಗ ಒಂದ ಮಾತು. ಲಕ್ಷ್ಮೇಶ್ವರದ ಚಿಗವ್ವ "ಸೀಟಿ ಊದೋದು ಏನ್ ನೌಕರಿ ಬೇ" ಅಂದ್ಲು. ಶಿರಹಟ್ಟಿ ವೈನಿ ಫೋನ್ ಮಾಡಿ, "ಆಡಾಕ ಆಗಲಿಲ್ಲ ಅದಕ್ಕ ಆಡಿಸಾಕ ಹೋಗ್ಯಾನ, ಹಂಗ ಅಲ್ಲೇನ್ರಿ?" ಅಂದ್ರು. ಬ್ಯಾಂಕಿನಾವ ಇದ್ರ ಹೆಂಗ ಇದ್ರೂ ನಡೀತಿತ್ತು ಅನ್ನೋ ಅರ್ಥ ಅದರೊಳಗ.

ನನಗ ಈ ಮಾತು ಸೇರೋದಿಲ್ಲ. ಯಾಕ ಸೇರೋದಿಲ್ಲ ಅನ್ನೋದನ್ನ ಹೇಳಾಕ ಸುನೀಲ ಜೋಶಿಯವರನ್ನ ಕರಕೊಂಡು ಬಂದೀನಿ.

ಅವರು ಸಾಲಿ ಕಲಿಯೋ ವಯಸ್ಸಿನಾಗ ದಿನಾ ನಸಕಿನ್ಯಾಗ ಎದ್ದು ಗದಗಿನಿಂದ ಹುಬ್ಬಳ್ಳಿಗೆ ಹೋಗಿ, ಪ್ರ್ಯಾಕ್ಟೀಸ್ ಮಾಡಿ, ಸಾಲಿ ಗಂಟಿ ಹೊಡಿಯೋದ್ರಾಗ ಹೊಳ್ಳಿ ಬರತಿದ್ರಂತ. ಹೋಗಾಕ ಸುಮಾರು 60 ಕಿಲೋಮೀಟರ್, ಬರಾಕ ಮತ್ತ ಅಷ್ಟ. ಸಂತಿಗೆ ಹುಬ್ಬಳ್ಳಿಗೆ ಹೋಗಿ ಬಂದ್ರ ನಾವು ಎರಡು ದಿನ ಸೊಂಟಾ ಹಿಡಕೊಂಡು ಕುಂದರತೀವಿ. ಅಂಥಾ ಹುಡುಗೂರ ಮನಿಯಾಗ ಎಷ್ಟೊತ್ತಿಗೆ ಒಲಿ ಹತ್ತತೈತಿ, ಬುತ್ತಿ ಕಟ್ಟೋ ಕೈ ಯಾರದು ಅನ್ನೋದನ್ನ ಪೇಪರಿನಾಗ ಬರಿಯೋದಿಲ್ಲ, ಅದು ಬ್ಯಾರೆ ಮಾತು.

1995-96ರ ರಣಜಿ ಹಂಗಾಮಿನಾಗ 500 ರನ್ನೂ ದಾಟಿದ್ರು, 50 ವಿಕೆಟ್ಟೂ ದಾಟಿದ್ರು. ಆ ವರ್ಷ ಕರ್ನಾಟಕನ ಕಪ್ ಗೆದ್ದಿತು. ಆಮ್ಯಾಲ 1996ರಾಗ ಇಂಗ್ಲೆಂಡಿನಾಗ ಭಾರತದ ಟೆಸ್ಟ್ ಟೀಮು. ಎಲ್ಲಾರೂ ಹೇಳೋದು 1999ರ ಸೆಪ್ಟೆಂಬರ್ 26ರ ಆಟ. ನೈರೋಬಿ ಒಳಗ ದಕ್ಷಿಣ ಆಫ್ರಿಕಾದ ಮುಂದ 10 ಓವರ್ ಹಾಕಿ ಕೊಟ್ಟಿದ್ದು ಬರೇ 6 ರನ್, ತಗೊಂಡಿದ್ದು 5 ವಿಕೆಟ್. 10 ಓವರ್ ಅಂದ್ರ 60 ಚೆಂಡ್ರಿ. ಅದರಾಗ 6 ಓವರಿನಾಗ ಒಂದು ರನ್ನೂ ಇಲ್ಲ. ಅವರೆಲ್ಲಾ 117ಕ್ಕ ಮುಗದು ಹೋದ್ರು. ಮರುವರ್ಷ ಢಾಕಾದಾಗ ಬಾಂಗ್ಲಾದೇಶದ ಮೊಟ್ಟಮೊದಲ ಟೆಸ್ಟ್. ಅಲ್ಲೆ ಜೋಶಿಯವರು 92 ರನ್ ಹೊಡದು, ಎರಡೂ ಇನ್ನಿಂಗ್ಸ್ ಕೂಡಿ 8 ವಿಕೆಟ್ ತಗೊಂಡು, ಪಂದ್ಯದ ಆಟಗಾರ ಆದ್ರು. ಒಟ್ಟು 15 ಟೆಸ್ಟ್, 69 ಒಂದು ದಿನದ ಆಟ.

ಇಲ್ಲಿಗೆ ನಿಂತಿದ್ರ ಅವರ ಕತಿ "ಒಂದ ಕಾಲಕ್ಕ ಆಡತಿದ್ರು" ಅಂತ ಮುಗೀತಿತ್ತು. ಅವರು ಕಲಸಾಕ ನಿಂತ್ರು. ಜಮ್ಮು ಕಾಶ್ಮೀರದ ಟೀಮಿಗೆ ಕೋಚ್ ಆಗಿದ್ದಾಗ, 2014ರ ಡಿಸೆಂಬರಿನಾಗ ಆ ಹುಡುಗೂರು ಮುಂಬೈಗೆ ಹೋಗಿ, ವಾಂಖೇಡೆ ಮೈದಾನದಾಗ ಮುಂಬೈ ಟೀಮನ್ನ ಸೋಲಿಸಿ ಬಂದ್ರು. ಆ ಮುಂಬೈ ಅಷ್ಟೊತ್ತಿಗೆ 40 ಸಲ ರಣಜಿ ಗೆದ್ದ ಟೀಮು. ಅದ ವರ್ಷ ಶ್ರೀನಗರಕ್ಕ ಮಹಾಪೂರ ಬಂದು, ಅಲ್ಲಿಯ ಮೈದಾನಕ್ಕೂ ನೀರು ಹೊಕ್ಕಿತ್ತು. ಅಂಥಾ ಹುಡುಗೂರಿಗೆ ಆಟದ ಜೋಡಿ ಧೈರ್ಯಾನೂ ಕಲಸಬೇಕಾಗತೈತಿ. ನೈರೋಬಿಯ 5 ವಿಕೆಟ್ಟಿಗಿಂತ ಇದು ದೊಡ್ಡದು ಅಂತ ನಾ ಅಂತೀನಿ. ನಮ್ಮ ಮನಿಯವರು ಒಪ್ಪೋದಿಲ್ಲ, ಒಪ್ಪದಿದ್ರ ಬಿಡ್ಲಿ.

ಮುಂದ 2017ರಾಗ ಬಾಂಗ್ಲಾದೇಶದವರ ಜೋಶಿಯವರನ್ನ ಸ್ಪಿನ್ ಕಲಸಾಕ ಕರಕೊಂಡ್ರು. ನೋಡ್ರಿ, ಅವರ ಮೊದಲನೇ ಟೆಸ್ಟಿನಾಗ ಅವರನ್ನ ಸೋಲಿಸಿದ ಕೈ, 17 ವರ್ಷ ಆದ ಮ್ಯಾಲ ಅವರ ಹುಡುಗೂರ ಬಳ್ಳು ಹಿಡದು ತೋರಸ್ತು. 2020ರಾಗ ಭಾರತದ ಟೀಮು ಆರಿಸೋ ಸಮಿತಿಗೆ ಅಧ್ಯಕ್ಷರೂ ಆದ್ರು. ಆಮ್ಯಾಲ ಪಂಜಾಬಿನ ಐಪಿಎಲ್ ಟೀಮಿಗೆ ಮತ್ತ ಕಲಸೂ ಕೆಲಸ.

ಈಗ ವೈನಿಯವರ ಮಾತಿಗೆ ಬರ್ತೀನಿ, ಆಡಾಕ ಆಗದವ ಆಡಸ್ತಾನ ಅನ್ನೋದಕ್ಕ. ನಮ್ಮ ಅತ್ತಿಯವರು ರೊಟ್ಟಿ ಬಡದ್ರ ಹುಣ್ಣಿವಿ ಚಂದ್ರನಂಗ ಇರತಿತ್ತು. ಆದ್ರ ಅವರ ಕೈಯಾಗ ಒಬ್ಬ ಸೊಸಿನೂ ರೊಟ್ಟಿ ಕಲೀಲಿಲ್ಲ. "ನೋಡಿ ಕಲೀಬೇಕು" ಅಂತಿದ್ರು, ಮುಗೀತು. ನನಗ ಕಲಸಿದಾಕಿ ಬಾಜೂ ಮನಿ ಎಕ್ಕ. ಎಸರು ಎಷ್ಟು ಕುದ್ದಾಗ ಹಿಟ್ಟಿಗೆ ಹಾಕಬೇಕು, ನಾದುವಾಗ ಅಂಗೈ ಬುಡಾ ಎಲ್ಲೆ ಒತ್ತಬೇಕು, ಬಡಿಯೋವಾಗ ಅಂಚು ಯಾಕ ಸೀಳತೈತಿ, ಒಂದೊಂದ ಬಿಡಿಸಿ ಹೇಳಿದ್ಲು. ನನ್ನ ರೊಟ್ಟಿ ಹರದ್ರ ನನ್ನ ಮಾರಿ ನೋಡದನ ಕೈ ನೋಡತಿದ್ಲು, ತಪ್ಪು ಕೈಯಾಗ ಇರತಿತ್ತಲ್ಲ. ಬರೋದು ಬ್ಯಾರೆ, ಕಲಸಾಕ ಬರೋದು ಬ್ಯಾರೆ. ಎಡಗೈ ಸ್ಪಿನ್ನೂ ಹಂಗ. ಚೆಂಡನ್ನ ತೋರಬಳ್ಳಿನಾಗ ಹೆಂಗ ಹಿಡಿಬೇಕು, ಮಣಿಕಟ್ಟು ಯಾವಾಗ ತಿರುಗಬೇಕು, ಬ್ಯಾಟ್ಸಮನ್ನಿನ ಕಣ್ಣಿನ ಮ್ಯಾಲಿಂದ ಹೆಂಗ ಇಳಿಸಬೇಕು ಅನ್ನೋದು ತನ್ನ ಕೈಗೆ ಗೊತ್ತಿದ್ರ ಸಾಲದು. ಇನ್ನೊಬ್ಬನ ಕೈಗೆ ಹತ್ತಿಸಬೇಕು, ಆ ಕೈ ಬ್ಯಾರೆ ಅಳತಿದು.

ಮತ್ತ ನಮ್ಮ ಊರಿನವರಿಗೆ ಕಲಸೋರ ಬೆಲಿ ಗೊತ್ತಿಲ್ಲ ಅಂದ್ರ ಯಾರು ನಂಬತಾರ? ವೀರೇಶ್ವರ ಪುಣ್ಯಾಶ್ರಮದ ಮುಂದ ಹಾದ್ರ ಚಪ್ಪಲಿ ಬಿಟ್ಟು ಕೈ ಮುಗಿತೀವಿ. ಪಂಚಾಕ್ಷರಿ ಗವಾಯಿಗಳು, ಅವರ ಶಿಷ್ಯ ಪುಟ್ಟರಾಜ ಗವಾಯಿಗಳು, ಇಬ್ಬರಿಗೂ ಕಣ್ಣಿಲ್ಲ, ಸಾವಿರಾರು ಮಕ್ಕಳಿಗೆ ಸಂಗೀತ ಕಲಿಸಿದವರು. 2010ರಾಗ ಪುಟ್ಟರಾಜರು ಲಿಂಗೈಕ್ಯ ಆದಾಗ ಗದಗಿಗೆ ಮಂದಿ ಹರದು ಬಂದಿದ್ದು ನೀವೂ ಕಂಡೀರಿ. ಅವರನ್ನ "ಹಾಡಾಕ ಆಗಲಿಲ್ಲ, ಅದಕ್ಕ ಕಲಿಸಿದ್ರು" ಅಂತ ಯಾರರೆ ಅಂದಾರೇನು? ಗರಡಿಮನಿ ವಸ್ತಾದರಿಗೂ ನಮ್ಮ ಹಳ್ಳಿಗಳೊಳಗ ಗೌರವ ಐತಿ, ಜಾತ್ರಿ ಕುಸ್ತಿಯೊಳಗ ಮೊದಲನೇ ರುಮಾಲು ಅವರಿಗೆ. ಪ್ಯಾಂಟು ಹಾಕ್ಕೊಂಡು ಕೊರಳಾಗ ಸೀಟಿ ಕಟಗೊಂಡ ಕೂಡಲೆ ಆ ಗೌರವ ಎಲ್ಲಿಗೆ ಹೋಗತೈತಿ ನನಗ ತಿಳೀವಲ್ದು.

ಅಮೇರಿಕಾದಾಗ ಬೇಸ್‌ಬಾಲ್ ಅಂತ ಒಂದು ಆಟ ಐತಿ. ಚೆಂಡು ಒಗಿಯಾವಗ ಪಿಚರ್ ಅಂತಾರ. ತೋಳು ಸೋತ ಮ್ಯಾಲ ಅಂಥವರು ಎಷ್ಟೋ ಮಂದಿ ಕಾಲೇಜಿಗೆ ಹೋಗಿ ಕೋಚ್ ಆಗ್ತಾರ. ಅಲ್ಲೆ ಕಾಲೇಜಿನ ಕೋಚ್ ಅಂದ್ರ ಊರಿಗೆ ಊರ ಹೆಸರು ಹಿಡದು ಮಾತಾಡ್ಸೋ ಮನಷ್ಯಾ.

ಚಿಗವ್ವಾ, ನಿನ್ನ ಒಂದು ಚಿಂತಿ ಮಾತ್ರ ನಾ ಒಪ್ಪತೀನಿ. ಕೆಲಸ ಪರ್ಮನೆಂಟ್ ಏನು, ಅತಿಥಿ ಅಂತ ವರ್ಷಕ್ಕೊಮ್ಮೆ ಕರಿಯೋದೇನು, ಅದನ್ನ ಬಾಯಿ ಬಿಟ್ಟು ಕೇಳಬೇಕು. ಯು.ಜಿ.ಸಿ. ಲೆಕ್ಕದಾಗ ಕಾಲೇಜಿನ ಫಿಜಿಕಲ್ ಡೈರೆಕ್ಟರಿಗೂ ಲೆಕ್ಚರರಿಗೂ ಸುರು ಪಗಾರ ಒಂದ. ಆದ್ರ ಅತಿಥಿ ಆದ್ರ ಇಬ್ಬರ ಹಣೇಬರಾನೂ ಒಂದ. ಗಣಿತ ಕಲಸೋ ಅತಿಥಿಗೆ ಕೊಡಬಹುದು, ಆಟ ಕಲಸೋ ಅತಿಥಿಗೆ ಬ್ಯಾಡ ಅಂದ್ರ ಅದಕ್ಕ ಅರ್ಥ ಇಲ್ಲ.

ಹುಡುಗಿನ್ನ ಕೇಳಿದೆ. ಆಕಿ ಕೇಳಿದ್ದು ಒಂದ: "ದೊಡ್ಡವ್ವಾ, ಅವರು ಹುಡುಗ್ಯಾರಿಗೂ ಕಲಸ್ತಾರೇನ?" ಕಲಸ್ತಾನಂತ. ಆದ್ರ ದಸರಾ ಕ್ರೀಡಾಕೂಟ ಮುಗದ ಮ್ಯಾಲ ಹುಡುಗ್ಯಾರು ನಿಲ್ಲೋದಿಲ್ಲಂತ, ಮನಿಯವರು ಬಿಡಸ್ತಾರಂತ. ವಿಜಯಪುರದ ರಾಜೇಶ್ವರಿ ಗಾಯಕವಾಡ ಜೋಶಿಯವರಂಗ ಎಡಗೈ ಸ್ಪಿನ್ನಿನಾಕಿ. 2017ರ ವಿಶ್ವಕಪ್ಪಿನಾಗ ನ್ಯೂಜಿಲೆಂಡಿನ ಮುಂದ 15 ರನ್ನಿಗೆ 5 ವಿಕೆಟ್ ತಗೊಂಡಾಗ ನಾವೆಲ್ಲಾ ಟೀವಿ ಮುಂದ ಚಪ್ಪಾಳಿ ಹೊಡದಿದ್ವಿ. ಆಮ್ಯಾಲ ಎದ್ದು ಹೋಗಿ ನಮ್ಮ ಹುಡುಗ್ಯಾರನ್ನ "ಬಿಸಲಾಗ ಕರ್ರಗಾಗ್ತಿ, ಒಳಗ ಬಾ" ಅಂತ ಕರದ್ವಿ.

ಬರೋ ಐತವಾರ ಮುಂಡರಗಿಯವರು ನೋಡಾಕ ಬರಾಕತ್ತಾರ. ಸೂಸಲಾ ಮಿರ್ಚಿ ಮಾಡ್ತೀನಿ. ಬರೋರು ಮೂರಕ್ಕ ಬರ್ರಿ, ತಡಾ ಮಾಡಬ್ಯಾಡ್ರಿ. ಐದಕ್ಕ ಹುಡುಗಗ ಗ್ರೌಂಡಿಗೆ ಹೊಳ್ಳಿ ಹೋಗೂದೈತಂತ.